ನಾಲ್ಕನೇ ಅಧ್ಯಾಯ

ಮೂರನೆಯ ಸಲವೂ ಶಂಭುಲಿಂಗಪ್ಪನವರ ಕತ್ತು ಎಡಕ್ಕೆ ವಾಲಿದಾಗ ಕರಿಬಸಪ್ಪ ಹೆಗಲ ಮೇಲಿನ ವಲ್ಲಿ ತೆಗೆದು ನೆಲಕ್ಕೆ ಒಗೆದ. ಸ್ನಾನ ಮಾಡಿಸಿ, ಮೈಗೆಲ್ಲ ವಿಭೂತಿ ಬಳಿದು, ಚಕ್ಕಳಮಕ್ಕಳ ಹಾಕಿಸಿ ದೇಹವನ್ನು ನಡುಮನೆಯ ಗೋಡೆಗೆ ಒರಗಿಸಿ ಕೂರಿಸಿದ್ದಾಗಿತ್ತು. ಹಣೆಗೊಂದು ಬಟ್ಟೆ ಕಟ್ಟಿ ಅದರ ತುದಿಯನ್ನು ಕಿಟಕಿಯ ಸರಳಿಗೆ ಬಿಗಿದದ್ದೂ ಆಗಿತ್ತು. ಆದರೂ ಕೈಬಿಟ್ಟ ಕೂಡಲೇ ತಲೆ ನಿಧಾನವಾಗಿ ಪಕ್ಕಕ್ಕೆ ಬಾಗುತ್ತಿತ್ತು. ಯಾರೋ ಹತ್ತಿರ ಕೂತು ಸಣ್ಣ ದನಿಯಲ್ಲಿ ಏನೋ ಹೇಳುತ್ತಿದ್ದಾರೆ, ಇವರು ಕಿವಿಗೊಟ್ಟಿದ್ದಾರೆ ಎಂಬಂತೆ.

“ಬದುಕಿದ್ದಾಗಲೂ ಒಂದು ಮಾತು ಕೇಳಲಿಲ್ಲ, ಈಗಲೂ ಕೇಳಲ್ಲ,” ಅಂದ ಕರಿಬಸಪ್ಪ.

“ಓದೋವಾಗ ಹಂಗೇ ಕೂರ್ತಿದ್ರು. ಬಿಡಣ್ಣ,” ಎಂದಳು ನೀಲಗಂಗಮ್ಮ.

ಬಿಡುವ ಸ್ವಭಾವ ಕರಿಬಸಪ್ಪನದಲ್ಲ. ನೀಲಗಂಗಮ್ಮನ ಅಣ್ಣನಾದ ಅವನಿಗೆ ತರಗುಪೇಟೆಯಲ್ಲಿ ಬೆಲ್ಲದ ಮಂಡಿ ಇತ್ತು. ದಾವಣಗೆರೆಯಿಂದ ಬಂದು ಬೆಂಗಳೂರಿನಲ್ಲಿ ನೆಲೆಯೂರಿದ ನೆಂಟರಿಷ್ಟರ ಮದುವೆ, ನಾಮಕರಣ, ಸಾವು ಎಲ್ಲವನ್ನೂ ಮುಂದೆ ನಿಂತು ಮಾಡಿಸುವವನು ಅವನೇ. ಹಿಂದಿನ ಸಂಜೆ ಸುದ್ದಿ ತಲುಪಿದ್ದೇ ಹೊರಟು ಬಂದಿದ್ದ. ಬೆಳಗಾಗುವುದರೊಳಗೆ ಬಿದಿರು, ಬಾಳೆಕಂಬ, ಭಜನೆಯವರು ಎಲ್ಲಕ್ಕೂ ಹೇಳಿ ಕಳಿಸಿದ್ದ. ಆದರೆ ಯಾವುದೂ ಬಂದು ಸೇರುತ್ತಿರಲಿಲ್ಲ. ಹೂವಿನವನು ರಾಜಾಜಿನಗರದ ಬ್ಲಾಕುಗಳನ್ನು ಸುತ್ತುತ್ತಿದ್ದಾನೆಂದು ಯಾರೋ ಹೇಳಿದರು. ಎಲ್ಲ ರಸ್ತೆಯೂ ಒಂದೇ ಥರ, ಎಲ್ಲ ಮೂಲೆಯಲ್ಲೂ ಅದೇ ಕಲ್ಲು, ಅದೇ ಕೆಂಪು ಮಣ್ಣು. ಹೊಸಬರು ದಾರಿ ತಪ್ಪದೆ ಇನ್ನೇನು ಮಾಡುತ್ತಾರೆ? ಮಠದಿಂದ ಬರಬೇಕಾದ ಅಯ್ಯನವರ ಸುಳಿವೂ ಇರಲಿಲ್ಲ. ಮಂಡಿ ಪಕ್ಕದಲ್ಲೇ ಮನೆ ಮಾಡಿ ಎಂದು ನಾನು ಬಡಕೊಂಡಿದ್ದೆ, ಈ ಕಾಡಿಗೆ ಬಂದು ಸೈಟು ಹಿಡಿದರು ಎಂದು ಕರಿಬಸಪ್ಪ ಬಂದವರಿಗೆಲ್ಲ ಹೇಳಿದ.

ನೀಲಗಂಗಮ್ಮನಿಗೂ ಸಿಟ್ಟೇ ಇತ್ತು. ನಿನ್ನೆ ಗಂಡ ಕಾಲೇಜಿನಿಂದ ಬಂದು ಕೋಟು ಬಿಚ್ಚಿ, ಕಾಫಿ ಕೇಳಿ, ಪುಸ್ತಕ ಹಿಡಿದು ಕೂತಿದ್ದರು. ಕಾಫಿ ತಂದಿಟ್ಟು ಒಳಗೆ ಹೋದಳು. ಆರುತ್ತೆ, ಕುಡೀರಿ ಎಂದು ಅಡುಗೆಮನೆಯಿಂದ ಕೂಗಿದಳು. ಮತ್ತೆ ಕೂಗಿದಳು. ಮೂರನೆಯ ಬಾರಿ, ಈ ಐರ್ಲೆಂಡು ಹಾಳಾಗಲಿ, ಕಾಫಿ ಕಾಯಿಸೋಕೆ ನನಗೇನು ಬೇರೆ ಕೆಲಸ ಇಲ್ಲವಾ ಎಂದು ಬೈಯುತ್ತಲೇ ಹೊರಗೆ ಬಂದಳು. ಆ ಹೊತ್ತಿಗೆ ಕೇಳುವ ಕಿವಿ ಇರಲಿಲ್ಲ. ಬಾಗಿದ ತಲೆ ಕಂಡು, ಓದುತ್ತಿದ್ದಾರೆಂದೇ ತಿಳಿದು ಇನ್ನೂ ಸ್ವಲ್ಪ ಬೈದಿದ್ದಳು. ಎಷ್ಟೋ ವರ್ಷದಿಂದ ಹೇಳಬೇಕೆಂದಿದ್ದ ಮಾತುಗಳು ಸತ್ತವರ ಮುಂದೆ ಖರ್ಚಾಗಿ ಹೋಗಿದ್ದವು.

*

ಶಂಭುಲಿಂಗಪ್ಪನವರು ಪೇಟೆಯ ಖಾಸಗಿ ಕಾಲೇಜೊಂದರಲ್ಲಿ ಇಂಗ್ಲಿಷ್ ಅಧ್ಯಾಪಕರು. ಅವರ ವ್ಯಾಸಂಗದ ವಿಷಯ ಆಧುನಿಕ ಐರಿಷ್ ನಾಟಕ. ಅದರ ಮೇಲೆ ಒಂದು ಮಹಾಪ್ರಬಂಧ ಬರೆಯುತ್ತಿದ್ದರು. ಬರೆಯುತ್ತಿದ್ದರು ಎಂಬುದೇ ಸರಿಯಾದ ಮಾತು, ಏಕೆಂದರೆ ಅದು ಮುಗಿಯಲಿಲ್ಲ.

ನೆಂಟರಿಗೆ ಈ ವಿಷಯ ಎಂದೂ ಬಗೆಹರಿಯಲಿಲ್ಲ. ಮದುವೆಮನೆಗಳಲ್ಲಿ ಕರಿಬಸಪ್ಪ, ನಮ್ಮ ತಂಗಿ ಯಜಮಾನರು ಇಂಗ್ಲೆಂಡಿನ ನಾಟಕದ ಮೇಲೆ ಪುಸ್ತಕ ಬರೆಯುತ್ತಿದ್ದಾರೆ ಎಂದು ಪರಿಚಯ ಮಾಡಿಸುವನು. ಇಂಗ್ಲೆಂಡಲ್ಲ, ಐರ್ಲೆಂಡು ಎಂದು ಇವರು ತಿದ್ದುವರು. ಎರಡಕ್ಕೂ ಏನು ಫರಕು ಎಂದು ಪಂಕ್ತಿಯಲ್ಲಿ ಯಾರಾದರೂ ಕೇಳಿಬಿಟ್ಟರೆ ಮುಗಿಯಿತು. ಆ ಜನವನ್ನೂ ಇಂಗ್ಲಿಷರೇ ಆಳಿದ್ದು, ನಮಗಿಂತ ಮೊದಲು, ನಮಗಿಂತ ಬಹಳ ಕಾಲ ಎಂದು ಶುರುವಾಗುವುದು. ಅವರ ಸ್ವಂತ ಭಾಷೆ ನಾಲಿಗೆಯಿಂದ ಹೋಯಿತು, ಬಾಯಿಗೆ ಇಂಗ್ಲಿಷೇ ಬಂತು. ಆದರೆ ಹಳ್ಳಿಯ ಮುದುಕಿ ಆ ಇಂಗ್ಲಿಷನ್ನು ಆಡುವಾಗ ಒಳಗಿಂದ ಸತ್ತ ಭಾಷೆ ಉಸಿರಾಡುತ್ತದೆ. ಮೇಲಿನ ಬಟ್ಟೆ ಪರರದು, ಒಳಗಿನ ಮೈ ತಮ್ಮದು. ಅಲ್ಲಿನ ನಾಟಕಕಾರರು ಅದನ್ನು ಕಿವಿಯಾರೆ ಕೇಳಿಯೇ ನಾಟಕ ಬರೆದದ್ದು. ಇಷ್ಟು ಹೇಳುವುದರೊಳಗೆ ಬಡಿಸುವವರು ಮುಂದೆ ಹೋಗಿಬಿಟ್ಟಿರುತ್ತಿದ್ದರು. ನೀಲಗಂಗಮ್ಮ ಹೆಂಗಸರ ಪಂಕ್ತಿಯಿಂದ ಗಂಡನ ಖಾಲಿ ಎಲೆಯನ್ನು ನೋಡುತ್ತ ಕೂರುತ್ತಿದ್ದಳು.

ಡಬ್ಲಿನ್ನಿನಿಂದ ಹಡಗಿನಲ್ಲಿ ಪುಸ್ತಕಗಳು ಬರುತ್ತಿದ್ದವು. ತೇವದ ವಾಸನೆಯ ಆ ಕಟ್ಟುಗಳನ್ನು ಬಿಸಿಲಿಗೆ ಹರಡಿ, ಹಾಳೆಗಳ ನಡುವೆ ಬೇವಿನ ಸೊಪ್ಪು ಇಡುವ ಕೆಲಸ ನೀಲಗಂಗಮ್ಮನದು. ಮಹಾಪ್ರಬಂಧದ ಮೊದಲ ಮೂರು ಅಧ್ಯಾಯಗಳನ್ನು ಶಂಭುಲಿಂಗಪ್ಪನವರು ಸರಾಗವಾಗಿ ಮುಗಿಸಿದ್ದರು. ನಾಟಕಶಾಲೆ ಹುಟ್ಟಿದ್ದು, ಜನ ನಾಟಕ ನೋಡಿ ಗಲಾಟೆ ಎಬ್ಬಿಸಿದ್ದು, ರೈತರ ಅಡುಗೆಮನೆಯೇ ರಂಗವಾದದ್ದು. ನಾಲ್ಕನೆಯದು ಆ ನಾಟಕಗಳಲ್ಲಿ ಬರುವ ಸಾವಿನ ಮನೆ, ಹೆಂಗಸರ ಅಳು. ಅಲ್ಲಿಗೆ ಬಂಡಿ ನಿಂತಿತು. ಬರೆದರು, ಹರಿದರು, ಮತ್ತೆ ಬರೆದರು, ಮತ್ತೆ ಹರಿದರು. ಮೈಸೂರಿನಲ್ಲಿದ್ದ ಮಾರ್ಗದರ್ಶಕರು ಗದರಿಸಿ ಕಾಗದ ಬರೆದರು, ಬೇಡಿಕೊಂಡು ಬರೆದರು, ಕೊನೆಗೆ ನಿವೃತ್ತರಾಗಿ ತೀರಿಕೊಂಡರು. ಜೊತೆಯವರು ಪ್ರೊಫೆಸರರಾದರು. ಮನೆಯಲ್ಲಿ ಅದೊಂದು ಗಾದೆಯೇ ಆಯಿತು. ಹಾಲಿನವನು ಬರುವುದು ತಡವಾದರೆ, ಗಾರೆ ಕೆಲಸದವನು ಗೋಡೆ ಅರ್ಧ ಬಿಟ್ಟು ಹೋದರೆ, “ಇದೂ ನಾಲ್ಕನೇ ಅಧ್ಯಾಯ ಆಯ್ತು” ಎನ್ನುತ್ತಿದ್ದಳು ನೀಲಗಂಗಮ್ಮ.

*

ಹೂವು ಬಂತು, ಅಯ್ಯನವರು ಬರಲಿಲ್ಲ. ಅಷ್ಟರಲ್ಲಿ ಕಾಲೇಜಿನವರು ಬಂದರು. ಪ್ರಿನ್ಸಿಪಾಲ್ ಚನ್ನಮಲ್ಲಪ್ಪನವರು ದೊಡ್ಡ ಹಾರ ಹಾಕಿ, ಜಗಲಿಯ ಮೇಲೆ ನಿಂತು, ಯಾರೂ ಕೇಳದಿದ್ದರೂ ಇಂಗ್ಲಿಷಿನಲ್ಲಿ ಭಾಷಣ ಶುರುಮಾಡಿದರು. ಭಜನೆಯವರು ತಾಳ ಕೆಳಗಿಟ್ಟು ಗೌರವದಿಂದ ಎದ್ದು ನಿಂತರು. ವಿಮಾನ ಕಟ್ಟುತ್ತಿದ್ದ ಆಳುಗಳೂ, ಹೆಣವನ್ನು ಕೂರಿಸಿ ಒಯ್ಯುವ ಆ ಬಿದಿರಿನ ಪೀಠವನ್ನು ಅರ್ಧಕ್ಕೆ ಬಿಟ್ಟು ಎದ್ದರು. ಕರಿಬಸಪ್ಪ ಹಲ್ಲು ಕಚ್ಚಿ ನಿಂತ. ಭಾಷಣ ಮುಗಿಯುವ ಲಕ್ಷಣ ಕಾಣಲಿಲ್ಲ. ಆಂಗ್ಲ ಸಾಹಿತ್ಯಕ್ಕೆ ದಿವಂಗತರು ಸಲ್ಲಿಸಿದ ಸೇವೆ ಎಂಬ ಮಾತು ಮತ್ತೆ ಮತ್ತೆ ಬಂತು. ಬಾಗಿಲ ಮರೆಯಲ್ಲಿದ್ದ ನೀಲಗಂಗಮ್ಮನಿಗೆ ಬೇರೇನೂ ಅರ್ಥವಾಗದಿದ್ದರೂ ಅದೊಂದು ಅರ್ಥವಾಯಿತು.

“ಐರಿಷ್,” ಎಂದಳು, ಹೊರಗೆ ಕೇಳುವಷ್ಟು ಗಟ್ಟಿಯಾಗಿ.

ಪ್ರಿನ್ಸಿಪಾಲರು ತಡವರಿಸಿದರು. ಏನು ಹೇಳಿದರು ತಾಯಿ ಎಂದು ಪಕ್ಕದವರನ್ನು ಕೇಳಿ, ಎರಡು ಮಾತಿನಲ್ಲಿ ಭಾಷಣ ಮುಗಿಸಿಬಿಟ್ಟರು. ಬೆಳಗಿನಿಂದ ಆ ಮನೆಯಲ್ಲಿ ಸರಿಯಾಗಿ ನಡೆದ ಕೆಲಸ ಅದೊಂದೇ ಎಂದು ಕರಿಬಸಪ್ಪನಿಗೆ ಅನಿಸಿತು.

ಕಾಲೇಜಿನವರು ಹೋದ ಮೇಲೂ ಉಳಿದವನು ಚನ್ನಕೇಶವ. ಕೆಂಗೇರಿ ಕಡೆಯವನು, ಶಂಭುಲಿಂಗಪ್ಪನವರ ಶಿಷ್ಯ, ಈಗ ಅದೇ ಕಾಲೇಜಿನಲ್ಲಿ ಅಧ್ಯಾಪಕ. ಬೆಳಗಿನಿಂದ ನೆರವಾಗಲು ಹೋಗಿ ಎಲ್ಲರಿಗೂ ಅಡ್ಡವಾಗಿದ್ದ. ಅವನು ಒಳಗೆ ಬಂದು ಹಿಂಜರಿಯುತ್ತ, ಸಾರ್ ಅವರ ಪ್ರಬಂಧದ ಹಾಳೆಗಳನ್ನು ಜೋಪಾನ ಮಾಡಬೇಕು, ಇಂಥ ಹೊತ್ತಿನಲ್ಲಿ ಎಲ್ಲೆಲ್ಲೋ ಹೋಗಿಬಿಡುತ್ತವೆ ಎಂದ. ನೀಲಗಂಗಮ್ಮನಿಗೆ ರೇಗಿತು. ಗೋಣಿಚೀಲ ತಂದು ಎಲ್ಲವನ್ನೂ ತುಂಬಿಕೊಂಡು ಹೋಗು, ಒಲೆಗೆ ಹಾಕದೆ ಇಟ್ಟದ್ದೇ ಹೆಚ್ಚು, ಒಂದು ಅಧ್ಯಾಯಕ್ಕೆ ಒಬ್ಬ ಮನುಷ್ಯ ಇಷ್ಟು ವರ್ಷ ಕೂರುತ್ತಾನಾ ಎಂದಳು.

ಚನ್ನಕೇಶವ ತಲೆ ತಗ್ಗಿಸಿದ. “ಕ್ಲಾಸಲ್ಲೂ ಅಷ್ಟೇ ಅಮ್ಮ,” ಎಂದ. “ನಾಟಕದಲ್ಲಿ ಸಾವಿನ ಸೀನು ಬಂದ್ರೆ ಪುಸ್ತಕ ಮುಚ್ಚಿಬಿಡೋರು. ಇದನ್ನ ಮನೇಲಿ ಓದ್ಕೊಳ್ಳಿ ಅನ್ನೋರು. ಒಂದು ವರ್ಷಾನೂ ಪಾಠ ಮಾಡಲಿಲ್ಲ. ಪರೀಕ್ಷೆಗೆ ಅದೇ ಪ್ರಶ್ನೆ ಬರೋದು, ನಾವೆಲ್ಲ ಬೈಕೊಳ್ಳೋವು.”

ಪಾಠವನ್ನೂ ಮಾಡಲಿಲ್ಲವಾ ಎಂದುಕೊಂಡಳು ನೀಲಗಂಗಮ್ಮ. ಹಾಗಾದರೆ ಮನೆ ಹಿಂದಿನ ಹಳ್ಳಿಯ ಸಾವುಗಳಿಗೆಲ್ಲ ಹೋಗಿ ಕಲಿತದ್ದೇನು?

*

ಅವರು ರಾಜಾಜಿನಗರಕ್ಕೆ ಬಂದ ಹೊಸದರಲ್ಲಿ ಮನೆಯ ಹಿಂದೆ ಬರೀ ಖಾಲಿ ಸೈಟುಗಳು. ಅದರಾಚೆ ಕೇತಮಾರನಹಳ್ಳಿ. ಸೈಟುಗಳೆಲ್ಲ ಆ ಊರಿನವರ ರಾಗಿ ಹೊಲಗಳೇ. ಒಂದು ಬೆಳಿಗ್ಗೆ ಶಂಭುಲಿಂಗಪ್ಪನವರು ಉತ್ತರಪತ್ರಿಕೆ ತಿದ್ದುತ್ತ ಕೂತಿದ್ದಾಗ ಆ ಕಡೆಯಿಂದ ಗಾಳಿಯಲ್ಲಿ ಹೆಂಗಸರ ದನಿ ತೇಲಿ ಬಂತು. ಯಾರೋ ಸತ್ತಿದ್ದರು. ಒಬ್ಬಳು ಎತ್ತಿ ಹಾಡುತ್ತ ಅಳುವುದು, ಉಳಿದವರು ಕೂಡಿಕೊಳ್ಳುವುದು. ಶಂಭುಲಿಂಗಪ್ಪನವರು ಪೆನ್ನಿನ ಮುಚ್ಚಳವನ್ನೂ ಹಾಕದೆ ಎದ್ದರು. ಕಾಲಿಗೆ ಚಪ್ಪಲಿ ಇಲ್ಲದೆ ಕಲ್ಲುಮುಳ್ಳುಗಳ ಮೇಲೆ ನಡೆದುಹೋದರು.

ಎತ್ತಿ ಹಾಡುತ್ತಿದ್ದವಳು ಮುನಿತಾಯಮ್ಮ, ಅಂದು ಸತ್ತಿದ್ದವನು ಅವಳ ಮಾವ. ಹೆಣದ ಹತ್ತಿರ ಬಂದು ಕೂತ ಈ ಅಪರಿಚಿತ ಜೇಬಿನಿಂದ ಕಾಗದ ತೆಗೆದದ್ದನ್ನು ಕಂಡು, ಹೊಲ ಹಿಡಿಯಲು ಬಂದ ಸರ್ಕಾರದವನಿರಬೇಕೆಂದು ಅವಳ ಗಂಡ ಕೆಂಚಪ್ಪ ಕೊರಳಪಟ್ಟಿ ಹಿಡಿದು ಎಬ್ಬಿಸಿದ. ಇವರು ಹೆದರಲಿಲ್ಲ, ಅಳುತ್ತಿದ್ದ ಮುನಿತಾಯಮ್ಮನನ್ನೇ ನೋಡುತ್ತ, ಈಗ ಹೇಳಿದಿರಲ್ಲ, ಆ ಮಾತು ಇನ್ನೊಂದು ಸಲ ಹೇಳಿ ಎಂದರು. ಊರಿಗೆ ಊರೇ ಅದನ್ನು ವರ್ಷಗಟ್ಟಲೆ ಹೇಳಿಕೊಂಡು ನಕ್ಕಿತು.

ಆದರೂ ಇವರು ಬಿಡಲಿಲ್ಲ. ಆ ಊರಿನಲ್ಲಿ ಯಾರು ಸತ್ತರೂ ಹೋಗುವರು. ಕ್ರಮೇಣ ಜನ ಒಗ್ಗಿಕೊಂಡರು, ಮೇಷ್ಟ್ರು ಬಂದರು ಎಂದು ಚಾಪೆ ಹಾಸುವಷ್ಟು. ನೀಲಗಂಗಮ್ಮ ಮಾತ್ರ ಒಗ್ಗಲಿಲ್ಲ. ಕರೆಯದ ಮನೆಯ ಸಾವಿಗೆ ಹೋಗುವ ಗಂಡ ಯಾರಿಗಿದ್ದಾನೆ? ಐರ್ಲೆಂಡಿನ ಹೆಂಗಸರ ಅಳುವಿಗೆ ಕನ್ನಡದಲ್ಲಿ ಸಮನಾದ ಮಾತು ಹುಡುಕುತ್ತಿದ್ದೇನೆ ಎನ್ನುತ್ತಿದ್ದರು. ಹುಡುಕಿ, ಆದರೆ ಅಕ್ಕಪಕ್ಕದವರ ಎದುರು ನಾನು ತಲೆಯೆತ್ತಿ ಓಡಾಡಬೇಕಲ್ಲ ಎಂದು ಇವಳು. ಮಳೆ ಇರಲಿ, ಬಿಸಿಲಿರಲಿ, ಕೊಡೆ ಕೊಟ್ಟು ಬೈದು ಕಳಿಸುವುದು ಅಭ್ಯಾಸವಾಗಿಹೋಯಿತು.

*

ಬಿಸಿಲು ಏರಿದ ಮೇಲೆ ಮುನಿತಾಯಮ್ಮ ಬಂದಳು. ಜೊತೆಗೆ ಅವಳ ವಾರಗಿತ್ತಿ ಮುನಿಲಕ್ಷ್ಮಮ್ಮ, ಊರಿನ ಇನ್ನೂ ಕೆಲವು ಹೆಂಗಸರು. ಬಾಗಿಲಲ್ಲೇ ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ, ಕೂತಿದ್ದ ಹೆಣದ ಮುಂದೆ ಕುಕ್ಕರಿಸಿ, ಹಣೆ ಚಚ್ಚಿಕೊಂಡು ದನಿಯೆತ್ತಿದಳು.

“ನಮ್ಮ ಸಾವಿಗೆಲ್ಲ ನೀ ಬಂದೆ, ನಿನ್ನ ಸಾವಿಗೆ ನಾ ಬಂದ್ನಲ್ಲೋ ನನ್ನಪ್ಪ...”

ಮುನಿಲಕ್ಷ್ಮಮ್ಮ ಕೂಡಿಕೊಂಡಳು. ಭಜನೆ ದಿಕ್ಕೆಟ್ಟು ನಿಂತಿತು. ಕರಿಬಸಪ್ಪ ವಿಮಾನದ ಹತ್ತಿರದಿಂದ ಓಡಿಬಂದ. ಒರಟಾಗಿ ಮಾತಾಡಲಿಲ್ಲ; ಆದರೆ ಅವನ ಮುಖದಲ್ಲಿ, ಇದೊಂದು ಬಾಕಿ ಇತ್ತು ಎಂಬ ಭಾವವಿತ್ತು.

“ಇಲ್ಲಿ ಅಳಬಾರದು ತಾಯಿ. ನಮ್ಮಲ್ಲಿ ಆ ಪದ್ಧತಿ ಇಲ್ಲ. ಲಿಂಗೈಕ್ಯ ಆಗಿದಾರೆ. ಅತ್ತರೆ ಹೋದ ಜೀವಕ್ಕೆ ತೊಡಕು.”

ಮುನಿತಾಯಮ್ಮ ಕಣ್ಣೊರೆಸಿಕೊಂಡು ಅವನನ್ನು ನೋಡಿದಳು. “ಅಳ್ದೆ ಹೆಂಗ್ ಕಳ್ಸದು ಸ್ವಾಮಿ?” ಎಂದಳು. ಅದರಲ್ಲಿ ಜಗಳವಿರಲಿಲ್ಲ, ನಿಜವಾಗಿಯೂ ತಿಳಿಯದೆ ಕೇಳಿದ್ದಳು. ಕರಿಬಸಪ್ಪ ಭಜನೆಯವರ ಕಡೆ ಕೈ ತೋರಿಸಿದ. ಹೆಂಗಸರು ಒಬ್ಬೊಬ್ಬರಾಗಿ ಎದ್ದು ಹಿತ್ತಲಿಗೆ ಹೋದರು.

ನೀಲಗಂಗಮ್ಮ ಕಂಬಕ್ಕೆ ಒರಗಿ ಇದನ್ನೆಲ್ಲ ನೋಡಿದಳು. ಅಣ್ಣನ ಆ ಮಾತುಗಳನ್ನು ಅವಳು ಮೊದಲ ಸಲ ಕೇಳುತ್ತಿರಲಿಲ್ಲ.

*

ಚಾಮರಾಜಪೇಟೆಯ ಬಾಡಿಗೆ ಮನೆಯಲ್ಲಿ ಅವರ ಮಗಳು ಗಿರಿಜೆ ವಿಷಮಶೀತ ಜ್ವರದಿಂದ ತೀರಿಕೊಂಡಾಗ ಶ್ರಾವಣ. ಹುಡುಗಿ ಆಗಷ್ಟೇ ಶಾಲೆಗೆ ಸೇರಿದ್ದಳು. ಮತ್ತೆ ಮಕ್ಕಳಾಗಲಿಲ್ಲ. ಅಂದು ನೀಲಗಂಗಮ್ಮ ಬಾಯಿ ತೆರೆಯುವಷ್ಟರಲ್ಲಿ ಕರಿಬಸಪ್ಪ ಅವಳ ಮಣಿಕಟ್ಟು ಹಿಡಿದಿದ್ದ. ಅಳಬೇಡ ನೀಲಾ, ಶಿವನ ಪಾದ ಸೇರಿದ ಮಗು, ನೀನು ಅತ್ತರೆ ದಾರಿಯಲ್ಲಿ ನಿಂತುಬಿಡುತ್ತೆ ಎಂದಿದ್ದ. ಅವನ ಕಣ್ಣಲ್ಲೂ ನೀರಿತ್ತು. ಮಗು ದಾರಿಯಲ್ಲಿ ಒಂಟಿಯಾಗಿ ನಿಲ್ಲುವ ಚಿತ್ರ ಕಣ್ಣಿಗೆ ಕಟ್ಟಿ ನೀಲಗಂಗಮ್ಮ ಸೆರಗನ್ನು ಬಾಯಿಗೆ ತುರುಕಿಕೊಂಡಳು.

ಗಂಡ ಏನು ಮಾಡುತ್ತಿದ್ದಾರೆಂದು ಅವಳು ತಿರುಗಿ ನೋಡಿದ್ದಳು. ಅವರು ಪುಸ್ತಕದ ಬೀರುವಿನ ಕಡೆ ಮುಖ ಮಾಡಿ ನಿಂತಿದ್ದರು. ಮಣ್ಣು ಮಾಡಿ ಬಂದ ಮೇಲೂ ಅಷ್ಟೆ. ಮಾರನೆಯ ದಿನ ಕೋಟು ಹಾಕಿಕೊಂಡು ಕಾಲೇಜಿಗೆ ಹೋದರು. ಕಲ್ಲಿನಂಥ ಮನುಷ್ಯ ಎಂದುಕೊಂಡಳು. ಅವರು ಮಗಳ ಹೆಸರೆತ್ತಲಿಲ್ಲ. ಎತ್ತದವರ ಮುಂದೆ ತಾನೇಕೆ ಎತ್ತಲಿ ಎಂದು ಇವಳೂ ಎತ್ತಲಿಲ್ಲ. ಹಾಗೆಯೇ ಆ ಹೆಸರು ಮನೆಯಿಂದ ಹೋಯಿತು. ಮಿಕ್ಕಿದ್ದು ಕಾಫಿ, ಕೊಡೆ, ಬೇವಿನ ಸೊಪ್ಪು, ನಾಲ್ಕನೇ ಅಧ್ಯಾಯ.

*

ಅಯ್ಯನವರು ಬಂದು ಪೂಜೆಗೆ ಅಣಿಮಾಡಿಕೊಳ್ಳುತ್ತಿದ್ದಾಗ ನೀಲಗಂಗಮ್ಮ ಹಿತ್ತಲಿಗೆ ಹೋದಳು. ಮುನಿತಾಯಮ್ಮ ನುಗ್ಗೆಮರದ ಕೆಳಗೆ, ಊಟಕ್ಕೆ ಕರೆದು ಎಲೆ ಮುಂದಿನಿಂದ ಎಬ್ಬಿಸಿಬಿಟ್ಟ ಹಾಗೆ ಮುಖ ಗಂಟಿಕ್ಕಿಕೊಂಡು ಕೂತಿದ್ದಳು. ಅಣ್ಣನ ಮಾತು ಮನಸ್ಸಿಗೆ ಹಚ್ಚಿಕೊಳ್ಳಬೇಡಿ ಎಂದು ನೀಲಗಂಗಮ್ಮ ಹೇಳಿದಳು. ಇಷ್ಟು ವರ್ಷ ನೀವು ಇವರನ್ನು ಸಹಿಸಿಕೊಂಡದ್ದೇ ದೊಡ್ಡದು, ಸಾವಿನ ಮನೆಯಲ್ಲಿ ಕಾಗದ ಹಿಡಿದು ಬರೆಯುತ್ತ ಕೂತರೆ ಯಾರಿಗಾದರೂ ಸಿಟ್ಟು ಬರುತ್ತದೆ ಎಂದಳು.

“ಎಲ್ ಬರೆದ್ರು ಕಣಮ್ಮ,” ಎಂದಳು ಮುನಿತಾಯಮ್ಮ. “ಮೊದಮೊದ್ಲು ಬರೀತಿದ್ರು. ಆಮ್ಯಾಕೆ ಸುಮ್ಕೆ ಕುಂತು ಅಳೋರು.”

“ಇವರಾ?”

“ಇನ್ಯಾರು. ನಮ್ಮತ್ತೆ ಹೋದ್ ವರ್ಸ, ಎಲ್ಲಾ ಮುಗುದ್ ಮ್ಯಾಕೆ, ನನ್ನ ಒಂದ್ ಮಾತು ಕೇಳುದ್ರು. ಮುನಿತಾಯಮ್ಮ, ಒಂದ್ ಮಗೀಗೆ ಅಳಬೇಕಾಗಿತ್ತು, ಅಳ್ತೀಯಾ ಅಂದ್ರು. ಯಾರ್ ಮಗ ಅಂದೆ. ನಂದೇ ಅಂದ್ರು. ಹೆಸ್ರೇನು ಅಂದೆ, ಹೆಸ್ರು ಹಾಕ್ದೆ ಅಳಾಕಾಯ್ತದಾ. ಗಿರಿಜೆ ಅಂದ್ರು.”

ನೀಲಗಂಗಮ್ಮ ನುಗ್ಗೆಮರದ ಕಾಂಡವನ್ನು ಹಿಡಿದುಕೊಂಡಳು. ಎಷ್ಟೋ ವರ್ಷದ ಮೇಲೆ ಬೇರೊಬ್ಬರ ಬಾಯಿಂದ ಆ ಹೆಸರು ಬಂದಿತ್ತು, ಅದೂ ದಿನವೂ ಕರೆದು ರೂಢಿಯಾದವರ ಹಾಗೆ.

ಮುನಿತಾಯಮ್ಮ ಹೇಳುತ್ತಲೇ ಹೋದಳು. ಕಣದಲ್ಲಿ ಹುಲ್ಲಿನ ಮೆದೆಯ ಮರೆಯಲ್ಲಿ ಕೂತು ನಾನೂ ಮುನಿಲಕ್ಷ್ಮಮ್ಮನೂ ಅತ್ತೆವು. ಮಗುವಿಗೆ ಏನಿಷ್ಟ, ಹೇಗೆ ನಗುತ್ತಿತ್ತು ಎಂದು ಕೇಳಿದೆವು. ಜಡೆಗೆ ಕೆಂಪು ಟೇಪು ಕಟ್ಟದಿದ್ದರೆ ಶಾಲೆಗೆ ಹೋಗುತ್ತಿರಲಿಲ್ಲವಂತೆ, ಅದನ್ನೂ ಸೇರಿಸಿ ಅತ್ತೆವು. ಆಮೇಲೆ ಮೇಷ್ಟ್ರು ಪ್ರತಿ ಶ್ರಾವಣಕ್ಕೂ ಬರುತ್ತಿದ್ದರು. “ನಿಮ್ಗೆ ಗೊತ್ತೇ ಇರ್ತದೆ ಅಂದ್ಕಂಡಿದ್ದೆ. ಅಮ್ಮಾವ್ರು ಯಾಕ್ ಬರಾಕಿಲ್ಲ ಅಂತ ಒಂದ್ಕಿತ ಕೇಳಿದ್ದೆ. ಅವಳು ಗಟ್ಟಿಗಿತ್ತಿ, ಅವಳ್ಗೆ ಅಳು ಬರಾಕಿಲ್ಲ ಅಂದ್ರು.”

ಪ್ರತಿ ಶ್ರಾವಣದಲ್ಲೂ ಒಂದು ದಿನ ಅವರು, ಯಾವುದೋ ಶಬ್ದದ ಅರ್ಥ ಕೇಳಿ ಬರುತ್ತೇನೆಂದು ಹೊರಟು ಸಂಜೆಗೆ ಮರಳುತ್ತಿದ್ದುದು ನೀಲಗಂಗಮ್ಮನಿಗೆ ನೆನಪಾಯಿತು. ಮಳೆಯಲ್ಲಿ ಒಂದು ಶಬ್ದಕ್ಕೆ ಕೆಸರು ತುಳಿದು ಹೋಗಬೇಕಾ ಎಂದು ತಾನು ಬೈದದ್ದು ನೆನಪಾಯಿತು. ಬೈಸಿಕೊಂಡು, ಕೊಡೆ ತೆಗೆದುಕೊಂಡು, ಹೋಗಿ ಅತ್ತು ಬಂದಿದ್ದರು. ಬಂದು ಇವಳ ಕೈಯಲ್ಲಿ ಊಟ ಮಾಡಿದ್ದರು.

ಅವಳಲ್ಲಿ ಎದ್ದದ್ದು ದುಃಖವಲ್ಲ. ಸಿಟ್ಟು. ಅಲ್ಲಿಯವರೆಗಿನ ಸಿಟ್ಟುಗಳೆಲ್ಲ ಇದರ ಮುಂದೆ ಆಟದ ಸಾಮಾನಿನಂತೆ ಕಂಡವು. ಅವಳು ತಿರುಗಿ ಒಳಗೆ ನಡೆದಳು.

ನಡುಮನೆಯಲ್ಲಿ ಪೂಜೆ ಮುಗಿದಿತ್ತು. ಅಯ್ಯನವರು ಪಕ್ಕಕ್ಕೆ ಸರಿದು ಕೈ ಒರೆಸಿಕೊಳ್ಳುತ್ತಿದ್ದರು. ಇನ್ನು ಎತ್ತಬೇಕು ಎಂದು ಕರಿಬಸಪ್ಪ ಜನ ಕೂಡಿಸುತ್ತಿದ್ದ. ನೀಲಗಂಗಮ್ಮ ನೇರವಾಗಿ ಹೋಗಿ ಗಂಡನ ಮುಂದೆ ನಿಂತಳು.

“ಎಲ್ಲಿ ಅತ್ತೆ ನೀನು?” ಎಂದಳು.

ಭಜನೆಯವನ ಕೈಯ ತಾಳ ಅರ್ಧದಲ್ಲಿ ನಿಂತಿತು. ಮದುವೆಯಾದಾಗಿನಿಂದ ಅವಳು ಗಂಡನನ್ನು ಏಕವಚನದಲ್ಲಿ ಮಾತಾಡಿಸಿದ್ದನ್ನು ಯಾರೂ ಕೇಳಿರಲಿಲ್ಲ.

“ಹೆತ್ತೋಳು ನಾನು ಇಲ್ಲೇ ಇದ್ದೆ. ಒಲೆ ಮುಂದೆ ಇದ್ದೆ. ನಿನಗೆ ಕೊಡೆ ಕೊಟ್ಟು ಕಳಿಸ್ದೆ. ನನಗೆ ಅಳು ಬರಲ್ಲ ಅಂತ ಯಾರು ಹೇಳಿದ್ರು ನಿನಗೆ? ಕೇಳಿದ್ದೆಯಾ? ಒಂದು ದಿನ ಬಾಯಿಬಿಟ್ಟು ಕೇಳಿದ್ದೆಯಾ? ಕಂಡೋರ ಕಣದಲ್ಲಿ ಕೂತು ನನ್ನ ಮಗೂಗೆ ಅತ್ತು ಬಂದೆ. ಕೆಂಪು ಟೇಪು ಕಟ್ಟಿದ್ದು ನಾನು. ಅದನ್ನೂ ಅವರಿಗೆ ಹೇಳಿದೆ. ನನ್ನ ಪಾಲಿನದು ಎಲ್ಲಿಟ್ಟೆ?”

ಹಿತ್ತಲ ಬಾಗಿಲಲ್ಲಿ ಬಂದು ನಿಂತಿದ್ದ ಮುನಿತಾಯಮ್ಮನ ಬಾಯಿಂದ ತಾನಾಗಿಯೇ ಹೊರಟಿತು. “ಎಲ್ಲಿಟ್ಟೆಯೋ ನನ್ನಪ್ಪ, ಎಲ್ಲಿಟ್ಟೆ.”

“ಹಾಳು ಪುಸ್ತಕಕ್ಕೆಲ್ಲ ಬಿಸಿಲು ತೋರಿಸ್ದೆ. ಬೇವಿನ ಸೊಪ್ಪು ಇಟ್ಟೆ. ಅದರೊಳಗೆ ಇಟ್ಟಿದ್ದೆಯಾ?”

“ಯಾವುದ್ರಾಗೆ ಇಟ್ಟೆಯೋ ನನ್ನಪ್ಪ...” ಹೆಂಗಸರೆಲ್ಲ ಕೂಡಿಕೊಂಡರು.

ನೀಲಗಂಗಮ್ಮ ಬೈಯುತ್ತಲೇ ಹೋದಳು. ಚಾಮರಾಜಪೇಟೆಯ ಬೀರು, ಮಾರನೆಯ ದಿನದ ಕೋಟು, ಖಾಲಿ ಎಲೆ, ಆರಿದ ಕಾಫಿ, ಒಂದನ್ನೂ ಬಿಡಲಿಲ್ಲ. ಅವಳು ಉಸಿರಿಗೆ ನಿಂತಲ್ಲೆಲ್ಲ ಆ ಹೆಂಗಸರು ಕೊನೆಯ ಮಾತನ್ನು ಎತ್ತಿಕೊಂಡು ಎಳೆದರು. ಹಾಗೆ ಎಳೆದು ಎಳೆದು ಬೈಗುಳಕ್ಕೆ ಯಾವಾಗ ರಾಗ ಬಂತೋ ಅವಳಿಗೆ ತಿಳಿಯಲಿಲ್ಲ. ಮಗಳ ಹೆಸರು ಮೊದಲು ಅವಳ ಬಾಯಲ್ಲಿ ತಡೆದು ಬಂತು. ಎರಡನೆಯ ಸಲ ಸರಾಗವಾಗಿ ಬಂತು. ಆಮೇಲೆ ಬೇರೆ ಮಾತೇ ಇರಲಿಲ್ಲ.

ಕರಿಬಸಪ್ಪ ಜನರ ನಡುವೆ ದಾರಿ ಮಾಡಿಕೊಂಡು ಬಂದ. ಅವನ ಕೈ ತಂಗಿಯ ಮಣಿಕಟ್ಟಿನ ಕಡೆ ಚಾಚಿತು. ಹತ್ತಿರ ಹೋಗಿ, ಅಲ್ಲೇ ನಿಂತಿತು. ಅಯ್ಯನವರು ಅವನ ಮುಖ ನೋಡಿದರು. ಹೊತ್ತಾಗುತ್ತಿದೆ ಎಂದು ಯಾರೋ ಹಿಂದಿನಿಂದ ಹೇಳಿದರು.

“ಆಗಲಿ ಇರ್ರಿ,” ಎಂದ ಕರಿಬಸಪ್ಪ, ಬೆಳಗಿನಿಂದ ಹೊತ್ತಿಗಾಗಿ ಎಲ್ಲರ ಮೇಲೂ ರೇಗಿದ್ದವನು. ಹೇಳಿ, ಗೋಡೆಯ ಕಡೆ ತಿರುಗಿ ನಿಂತ.

ಜಗಲಿಯ ಮೇಲೆ ಚನ್ನಕೇಶವ ಬಾಗಿಲಿಗೆ ಬೆನ್ನು ಕೊಟ್ಟು ಕೂತು ಎಲ್ಲವನ್ನೂ ಕೇಳಿಸಿಕೊಂಡ. ಅವನು ಬರೆದುಕೊಳ್ಳಲಿಲ್ಲ.

*

ವಿಮಾನ ಹೊರಟಾಗ ಬಿಸಿಲು ಇಳಿದಿತ್ತು. ಅವರ ಮನೆತನದಲ್ಲಿ ಹೆಂಗಸರು ಗುಂಡಿಯವರೆಗೆ ಹೋಗುವ ವಾಡಿಕೆ ಇರಲಿಲ್ಲ. ಮಾಗಡಿ ರಸ್ತೆಗೆ ತಿರುಗುವ ಮೂಲೆಯವರೆಗೆ ನೀಲಗಂಗಮ್ಮ ಹೋದಳು. ಬಾಳೆಕಂಬಗಳ ನಡುವೆ ಕೂತ ಗಂಡ ಅರ್ಧ ಕಟ್ಟಿದ ಮನೆಗಳನ್ನು ದಾಟಿ ಮರೆಯಾದರು. ಭಜನೆಯ ದನಿ ಇನ್ನೂ ಸ್ವಲ್ಪ ಹೊತ್ತು ಕೇಳಿ ನಿಂತಿತು.

ಮುನಿತಾಯಮ್ಮ ಮತ್ತು ಜೊತೆಯವರು ತಮ್ಮೂರ ದಾರಿ ಹಿಡಿದರು. ಸಾವಿನ ಮನೆಯಿಂದ ಹೋದವರು ಮೀಯದೆ ಒಳಗೆ ಕಾಲಿಡುವಂತಿಲ್ಲ. ಖಾಲಿ ಸೈಟುಗಳ ನಡುವೆ ಸ್ವಲ್ಪ ದೂರ ಹೋದ ಮೇಲೆ ಮುನಿಲಕ್ಷ್ಮಮ್ಮ ತಿರುಗಿ ನೋಡಿ ನಿಂತಳು. ನೀಲಗಂಗಮ್ಮ ಹಿಂದೆಯೇ ಬರುತ್ತಿದ್ದಳು.

“ನಿಮ್ಮೋರು ಇದೆಲ್ಲ ಮಾಡಾಕಿಲ್ಲ ಅಲ್ವ್ರಾ ಅಮ್ಮ,” ಎಂದಳು ಮುನಿತಾಯಮ್ಮ. “ಮನೇಗ್ ಹೋಗಿ. ನೆಂಟ್ರು ಬಂದವ್ರೆ.”

“ಬರ್ತೀನಿ ನಡೀರಿ,” ಎಂದಳು ನೀಲಗಂಗಮ್ಮ.

ಕೇತಮಾರನಹಳ್ಳಿಯ ಬಾವಿ ಊರ ಅಂಚಿನಲ್ಲಿತ್ತು. ಹೆಂಗಸರು ಬಟ್ಟೆಯಲ್ಲೇ ಕಲ್ಲಿನ ಮೇಲೆ ಸಾಲಾಗಿ ಕೂತರು. ಅವರ ನಡುವೆ ಜಾಗ ಮಾಡಿಕೊಂಡು ನೀಲಗಂಗಮ್ಮನೂ ಕೂತಳು, ತುರುಬು ಬಿಚ್ಚಿದಳು. ಮುನಿತಾಯಮ್ಮ ರಾಟೆಯಿಂದ ಬಿಂದಿಗೆ ಎಳೆದು ಅವಳ ನೆತ್ತಿಯ ಮೇಲೆ ಸುರಿದಳು. ನೀರು ತಣ್ಣಗಿತ್ತು. ನರೆತ ಕೂದಲು ಮುಖಕ್ಕೆ ಅಂಟಿಕೊಂಡಿತು. ಅದರೊಳಗಿಂದ ನೀಲಗಂಗಮ್ಮ ಇನ್ನೂ ಏನೋ ಹೇಳುತ್ತಿದ್ದಳು, ಬೈಯುತ್ತಲೇ ಇದ್ದಳು. ನೀರು ಬಾಯಿಗೆ ನುಗ್ಗಿತು. ಉಗುಳಿ, ಉಸಿರೆಳೆದುಕೊಂಡು, ಬಿಟ್ಟಲ್ಲಿಂದ ಮತ್ತೆ ಎತ್ತಿಕೊಂಡಳು. ಮುನಿತಾಯಮ್ಮ ಇನ್ನೊಂದು ಬಿಂದಿಗೆಯನ್ನು ಎದೆಯ ಮಟ್ಟಕ್ಕೆ ಹಿಡಿದು, ಅವಳು ಹೇಳಿ ಮುಗಿಸಲಿ ಎಂದು ಕಾಯುತ್ತ ನಿಂತಳು.